ಧರ್ಮದ ದಟ್ಟಿಗೂ ಮೊಳ ಹಾಕಬೇಕು

‘ಧರ್ಮಕ್ಕೆ ದಟ್ಟಿ ಕೊಟ್ಟರೆ ಹಿತ್ತಲಿಗೆ ಹೋಗಿ ಮೊಳ ಹಾಕಿದರಂತೆ’ ಎಂಬ ಗಾದೆಯನ್ನು ನಮ್ಮ ಹಿರಿಯರು ಉಪಕಾರ ಸ್ಮರಣೆಯಿಲ್ಲದವರನ್ನು ಹಂಗಿಸಲು ಬಳಸುತ್ತಿದ್ದರು. ಪುಕ್ಕಟೆಯಾಗಿ ಬಂದದ್ದನ್ನು ಅಳೆದು ನೋಡುವುದು ಸಣ್ಣತನ ಎಂಬುದು ಅದರ ಧ್ವನಿ. ಬ್ಯಾಂಕೊಂದರ ಗಣಕ ವಿಭಾಗದಲ್ಲಿ ಮೂರು ದಶಕ ದುಡಿದು ನಿವೃತ್ತನಾದ ನನಗೆ ಈ ಗಾದೆಯನ್ನು ತಿರುಗಿಸಿ ಓದಬೇಕಾದ ಸಂದರ್ಭ ಬಂದದ್ದು 2020ರ ಡಿಸೆಂಬರ್‌ನಲ್ಲಿ.

ನಿವೃತ್ತಿಯ ನಂತರ ನಾನು ನಮ್ಮ ಬಡಾವಣೆಯ ಪತ್ತಿನ ಸಹಕಾರ ಸಂಘವೊಂದರಲ್ಲಿ ಸಂಬಳವಿಲ್ಲದ ನಿರ್ದೇಶಕ. ಹೂವು ಮಾರುವವರು, ಆಟೊ ಚಾಲಕರು, ಪಿಂಚಣಿದಾರ ಶಿಕ್ಷಕರು ಅದರ ಸದಸ್ಯರು. ಅವರ ಪಿಗ್ಮಿ ಠೇವಣಿ, ಸಾಲ, ಬಡ್ಡಿಯ ಲೆಕ್ಕವೆಲ್ಲ ಒಂದು ಸರ್ವರ್‌ನಲ್ಲಿದೆ. 2020ರ ಆರಂಭದಲ್ಲಿ ಹೊಸ ಸರ್ವರ್ ಕೊಂಡಾಗ ಅದಕ್ಕೆ ಸೆಂಟ್ ಓಎಸ್ 8 ಎಂಬ ಲಿನಕ್ಸ್ ಕಾರ್ಯಾಚರಣೆ ವ್ಯವಸ್ಥೆಯನ್ನು ಹಾಕಿದವನು ನಾನೇ. ‘ಒಂದು ಪೈಸೆ ಖರ್ಚಿಲ್ಲ, 2029ರವರೆಗೆ ಚಿಂತೆಯೂ ಇಲ್ಲ’ ಎಂದು ಆಡಳಿತ ಮಂಡಳಿಯ ಸಭೆಯಲ್ಲಿ ಹೇಳಿದ್ದೆ. ಆ ಮಾತು ನಡಾವಳಿ ಪುಸ್ತಕದಲ್ಲಿ ದಾಖಲಾಗಿತ್ತು. ಅದೇ ವರ್ಷದ ಡಿಸೆಂಬರ್ 8ರಂದು, ಸೆಂಟ್ ಓಎಸ್ 8ಕ್ಕೆ 2021ರ ಕೊನೆಯ ದಿನವೇ ಕೊನೆ ಎಂಬ ಪ್ರಕಟಣೆ ಹೊರಬಿತ್ತು. ಅಂದರೆ ನಾನು ಕೊಟ್ಟ ಭರವಸೆಯಲ್ಲಿ ಏಳು ವರ್ಷಕ್ಕೂ ಹೆಚ್ಚು ಕಾಲ ಕಡಿತವಾಗಿತ್ತು.

ಸಂಘದ ಅಧ್ಯಕ್ಷರು ಕಿರಾಣಿ ಅಂಗಡಿಯ ಮಾಲೀಕರು. ತಂತ್ರಜ್ಞಾನ ತಿಳಿಯದಿದ್ದರೂ ವ್ಯವಹಾರ ಚೆನ್ನಾಗಿ ತಿಳಿದವರು. ವಿಷಯ ಕೇಳಿ ಅವರು ಸಿಟ್ಟಾಗಲಿಲ್ಲ. ‘ಅಲ್ಲಾ ಸಾರ್, ದುಡ್ಡು ಕೊಟ್ಟು ತಂದ ಸಾಮಾನು ಕೆಟ್ಟರೆ ಅಂಗಡಿಯವನ ಕುತ್ತಿಗೆ ಪಟ್ಟಿ ಹಿಡಿಯಬಹುದು. ಬಿಟ್ಟಿ ತಂದದ್ದು ಕೆಟ್ಟರೆ ಯಾರನ್ನು ಕೇಳೋಣ?’ ಎಂದಷ್ಟೇ ಕೇಳಿದರು. ಆ ಪ್ರಶ್ನೆಗೆ ಅಂದು ನನ್ನಲ್ಲಿ ಉತ್ತರವಿರಲಿಲ್ಲ. ಅದನ್ನು ಹುಡುಕಿಕೊಂಡ ಬಗೆಯೇ ಈ ಬರಹ.

ಮೊದಲಿಗೆ, ಈ ದಾನ ಎಲ್ಲಿಂದ ಬಂತು ಎಂಬುದನ್ನು ತಿಳಿಯಬೇಕು. ತಂತ್ರಾಂಶವನ್ನು ಯಾರು ಬೇಕಾದರೂ ಬಳಸುವ, ಓದುವ, ತಿದ್ದುವ, ಹಂಚುವ ಸ್ವಾತಂತ್ರ್ಯವಿರಬೇಕು ಎಂಬ ಆಶಯದಿಂದ ಅಮೆರಿಕದ ರಿಚರ್ಡ್ ಸ್ಟಾಲ್‌ಮನ್ 1983ರಲ್ಲಿ ಗ್ನೂ ಯೋಜನೆಯನ್ನು ಘೋಷಿಸಿದರು. ಆ ಆಶಯವನ್ನು ಕಾನೂನಿನ ಭಾಷೆಯಲ್ಲಿ ಹಿಡಿದಿಟ್ಟ ಜಿಪಿಎಲ್ ಪರವಾನಗಿ 1989ರಲ್ಲಿ ಬಂತು. ಹೆಲ್ಸಿಂಕಿ ವಿಶ್ವವಿದ್ಯಾಲಯದ ವಿದ್ಯಾರ್ಥಿ ಲಿನಸ್ ಟೊರ್ವಾಲ್ಡ್ಸ್ 1991ರಲ್ಲಿ ಬರೆಯತೊಡಗಿದ ಲಿನಕ್ಸ್ ಮರುವರ್ಷವೇ ಆ ಪರವಾನಗಿಯ ನೆರಳಿಗೆ ಬಂತು. ಜಗತ್ತಿನ ಅತಿ ವೇಗದ 500 ಸೂಪರ್ ಕಂಪ್ಯೂಟರ್‌ಗಳ ಪಟ್ಟಿಯಲ್ಲಿ 2017ರ ನವೆಂಬರ್ ವೇಳೆಗೆ ಲಿನಕ್ಸ್ ಅಲ್ಲದ ಒಂದು ಯಂತ್ರವೂ ಉಳಿದಿರಲಿಲ್ಲ.

ಆದರೆ ಕಚೇರಿಗಳಿಗೆ ಬೇಕಾದದ್ದು ವೇಗಕ್ಕಿಂತ ಹೆಚ್ಚಾಗಿ ಸ್ಥಿರತೆ. ಬ್ಯಾಂಕು, ಆಸ್ಪತ್ರೆ, ಸಹಕಾರ ಸಂಘಗಳು ಆರು ತಿಂಗಳಿಗೊಮ್ಮೆ ಬದಲಾಗುವ ವ್ಯವಸ್ಥೆಯ ಮೇಲೆ ಲೆಕ್ಕ ಇಡಲಾರವು. ಹತ್ತು ವರ್ಷ ಅಡಿಪಾಯ ಅಲುಗಾಡಬಾರದು, ಕಳ್ಳಗಿಂಡಿಗಳು ಕಂಡಾಗಲೆಲ್ಲ ಮುಚ್ಚುತ್ತಿರಬೇಕು. ಈ ಅಗತ್ಯವನ್ನು ಅರಿತ ರೆಡ್ ಹ್ಯಾಟ್ ಕಂಪೆನಿ 2002ರಿಂದೀಚೆಗೆ ಉದ್ಯಮಗಳಿಗೆಂದೇ ‘ಎಂಟರ್‌ಪ್ರೈಸ್ ಲಿನಕ್ಸ್’ ರೂಪಿಸಿ ವಾರ್ಷಿಕ ಚಂದಾದ ಮೇಲೆ ಕೊಡತೊಡಗಿತು. ಚಂದಾ ಕೊಡುವುದು ತಂತ್ರಾಂಶದ ಬೆಲೆಯಾಗಿ ಅಲ್ಲ. ಹತ್ತು ವರ್ಷ ಅದನ್ನು ಕಾಯ್ದು ರಿಪೇರಿ ಮಾಡುವ ಎಂಜಿನಿಯರುಗಳ ಶ್ರಮಕ್ಕೆ. ಒಂದೊಂದು ಸರ್ವರ್‌ಗೂ ವರ್ಷಕ್ಕೆ ನೂರಾರು ಡಾಲರ್ ತೆರುವುದು ದೊಡ್ಡ ಬ್ಯಾಂಕಿಗೆ ಲೆಕ್ಕಕ್ಕಿಲ್ಲದ ಮಾತು. ನಮ್ಮಂಥ ಸಂಘಕ್ಕೆ ಅದು ಸಿಬ್ಬಂದಿಯೊಬ್ಬರ ತಿಂಗಳ ಸಂಬಳಕ್ಕಿಂತ ಹೆಚ್ಚು.

ಇಲ್ಲಿಯೇ ಮುಕ್ತ ಪರವಾನಗಿಯ ಸೊಗಸು ಇರುವುದು. ರೆಡ್ ಹ್ಯಾಟ್ ತನ್ನ ವ್ಯವಸ್ಥೆಯ ಆಕರ ಸಂಕೇತವನ್ನು, ಅಂದರೆ ಸೋರ್ಸ್ ಕೋಡನ್ನು, ಬಹಿರಂಗವಾಗಿ ಇಡುತ್ತಿತ್ತು. ಕೆಲವು ಸ್ವಯಂಸೇವಕರು ಅದನ್ನು ಪಡೆದು, ಕಂಪೆನಿಯ ಹೆಸರು ಮತ್ತು ಲಾಂಛನಗಳನ್ನು ತೆಗೆದು, ಮತ್ತೆ ಜೋಡಿಸಿ 2004ರಿಂದ ಸೆಂಟ್ ಓಎಸ್ ಎಂಬ ಹೆಸರಿನಲ್ಲಿ ಉಚಿತವಾಗಿ ಹಂಚಿದರು. ಅದೇ ಅಕ್ಕಿ, ಅದೇ ಬೇಳೆ, ಅದೇ ಅಡುಗೆ. ಹೋಟೆಲಿನ ಬೋರ್ಡು ಮಾತ್ರ ಬೇರೆ. 2014ರಲ್ಲಿ ರೆಡ್ ಹ್ಯಾಟ್ ಕಂಪೆನಿಯೇ ಸೆಂಟ್ ಓಎಸ್ ತಂಡವನ್ನು ತನ್ನ ಆಶ್ರಯಕ್ಕೆ ತೆಗೆದುಕೊಂಡಿತು. 2019ರ ಜುಲೈನಲ್ಲಿ ಐಬಿಎಂ 34 ಶತಕೋಟಿ ಡಾಲರಿಗೆ ರೆಡ್ ಹ್ಯಾಟನ್ನು ಕೊಂಡಿತು. ಅದೇ ಸೆಪ್ಟೆಂಬರ್‌ನಲ್ಲಿ ಸೆಂಟ್ ಓಎಸ್ 8 ಬಂತು. ಹದಿನೈದು ತಿಂಗಳಲ್ಲಿ ಅದರ ಮರಣ ದಿನಾಂಕವೂ ಪ್ರಕಟವಾಯಿತು. ಅದರ ಸ್ಥಾನಕ್ಕೆ ತೋರಿಸಿದ ‘ಸೆಂಟ್ ಓಎಸ್ ಸ್ಟ್ರೀಮ್’ ಎಂಟರ್‌ಪ್ರೈಸ್ ಲಿನಕ್ಸ್‌ನ ಮುಂದಿನ ಕಿರು ಆವೃತ್ತಿಗೆ ಸಿದ್ಧತೆ ನಡೆಯುವ ಜಾಗ. ಮುದ್ರಣಕ್ಕೆ ಮುನ್ನಿನ ಕರಡಚ್ಚಿನಂತೆ ಅದು ಉಪಯುಕ್ತ ನಿಜ. ಆದರೆ ಸದಸ್ಯರ ಪಾಸ್‌ಪುಸ್ತಕವನ್ನು ಕರಡಚ್ಚಿನ ಮೇಲೆ ಇಡಲು ನನಗೆ ಮನಸ್ಸು ಬರಲಿಲ್ಲ.

ಕೈಬಿಟ್ಟದ್ದನ್ನು ಕೈಗೆತ್ತಿಕೊಳ್ಳುವವರೂ ಕೂಡಲೇ ಮುಂದೆ ಬಂದರು ಎಂಬುದು ಈ ಕಥೆಯ ಮುಖ್ಯ ತಿರುವು. ಸೆಂಟ್ ಓಎಸ್ ಹುಟ್ಟಿನಲ್ಲಿ ಪಾಲುಗೊಂಡಿದ್ದ ಗ್ರೆಗರಿ ಕರ್ಟ್ಸರ್, ಪ್ರಕಟಣೆ ಹೊರಬಿದ್ದ ಬೆನ್ನಿಗೇ ‘ರಾಕಿ ಲಿನಕ್ಸ್’ ಯೋಜನೆಯನ್ನು ಸಾರಿದರು. ತಮ್ಮೊಡನೆ ದುಡಿದು ಅಗಲಿದ ಗೆಳೆಯ ರಾಕಿ ಮೆಕ್‌ಗಾ ಅವರ ನೆನಪಿಗೆ ಇಟ್ಟ ಹೆಸರದು. ಕ್ಲೌಡ್‌ಲಿನಕ್ಸ್ ಎಂಬ ಕಂಪೆನಿ ವರ್ಷಕ್ಕೆ ಹತ್ತು ಲಕ್ಷ ಡಾಲರ್ ನೆರವಿನ ವಾಗ್ದಾನದೊಡನೆ ‘ಆಲ್ಮಾ ಲಿನಕ್ಸ್’ ಆರಂಭಿಸಿ, ಅದರ ಒಡೆತನವನ್ನು ಲಾಭರಹಿತ ಪ್ರತಿಷ್ಠಾನಕ್ಕೆ ಒಪ್ಪಿಸಿತು. ಸ್ಪ್ಯಾನಿಷ್ ಭಾಷೆಯಲ್ಲಿ ‘ಆಲ್ಮಾ’ ಎಂದರೆ ಆತ್ಮ. ಆಲ್ಮಾ 2021ರ ಮಾರ್ಚ್‌ನಲ್ಲಿ, ರಾಕಿ ಜೂನ್‌ನಲ್ಲಿ ಬಳಕೆಗೆ ಸಿದ್ಧವಾದವು. ರೆಡ್ ಹ್ಯಾಟ್ ಕೂಡ 2021ರಲ್ಲಿ ತನ್ನ ಮೂಲ ವ್ಯವಸ್ಥೆಯನ್ನು ಬಿಡಿ ವ್ಯಕ್ತಿಗಳಿಗೆ 16 ಯಂತ್ರಗಳವರೆಗೆ ಉಚಿತವಾಗಿ ನೀಡುವ ವ್ಯವಸ್ಥೆ ಮಾಡಿತು. ಕಲಿಯಬೇಕೆನ್ನುವ ವಿದ್ಯಾರ್ಥಿಗೆ, ಒಂಟಿಯಾಗಿ ದುಡಿಯುವ ವೃತ್ತಿಪರನಿಗೆ ಇದು ಉತ್ತಮ ದಾರಿ. ಆದರೆ ಅದು ವ್ಯಕ್ತಿಯ ಹೆಸರಿನಲ್ಲಿ ಸಿಗುವ ಸೌಲಭ್ಯ. ಸಂಘದ ಆಸ್ತಿಯನ್ನು ನನ್ನ ಹೆಸರಿನ ಖಾತೆಗೆ ಕಟ್ಟಿಹಾಕುವುದು ಸರಿಯಲ್ಲವೆಂದು ಅದನ್ನು ಬಿಟ್ಟೆ. ನಮ್ಮ ಲೆಕ್ಕದ ತಂತ್ರಾಂಶವನ್ನು ಬರೆದುಕೊಟ್ಟವರು ಈ ಕುಟುಂಬದ ಲಿನಕ್ಸ್ ಮೇಲೆ ಮಾತ್ರ ಅದನ್ನು ಪರೀಕ್ಷಿಸಿದ್ದರಿಂದ, ಯಾವ ಕಂಪೆನಿಯ ಹಂಗೂ ಇಲ್ಲದ ಡೆಬಿಯನ್‌ಗೆ ಹೋಗುವ ದಾರಿಯೂ ಇರಲಿಲ್ಲ. ಕೊನೆಗೆ ಆರಿಸಿಕೊಂಡದ್ದು ಆಲ್ಮಾ ಲಿನಕ್ಸ್ 8.

ಇದ್ದ ವ್ಯವಸ್ಥೆಯನ್ನು ಇದ್ದಲ್ಲಿಯೇ ಪರಿವರ್ತಿಸುವ ಸಾಧನಗಳನ್ನು ಎರಡೂ ತಂಡಗಳು ಕೊಟ್ಟಿದ್ದವು. ಆದರೆ ಬ್ಯಾಂಕಿನಲ್ಲಿ ಕಲಿತ ಪಾಠದಂತೆ, ಹಳೆಯದನ್ನು ಮುಟ್ಟದೆ ಮತ್ತೊಂದು ಯಂತ್ರದಲ್ಲಿ ಹೊಸದಾಗಿ ಸ್ಥಾಪಿಸಿ, ಸರಿಯಾಗಿದೆ ಎಂದು ಖಚಿತವಾದ ಮೇಲೆ ಲೆಕ್ಕ ವರ್ಗಾಯಿಸಲು ನಿರ್ಧರಿಸಿದೆ. ಸುಮಾರು 10 ಜಿಬಿ ಗಾತ್ರದ ಕಡತವನ್ನು ಮನೆಯ ಅಂತರಜಾಲ ಸಂಪರ್ಕದಲ್ಲಿ ರಾತ್ರಿಯಿಡೀ ಇಳಿಸಿಕೊಂಡು, 16 ಜಿಬಿಯ ಪೆನ್‌ಡ್ರೈವ್‌ಗೆ ಬರೆದು, ಭಾನುವಾರ ಸಂಘದ ಕಚೇರಿಗೆ ಹೋದೆ. ಯಂತ್ರ ಶುರುವಾದೊಡನೆ ‘ಈ ಮಾಧ್ಯಮವನ್ನು ಪರೀಕ್ಷಿಸಿ ನಂತರ ಸ್ಥಾಪಿಸಲೇ?’ ಎಂದು ಅದೇ ಕೇಳುತ್ತದೆ. ಸಮಯ ಉಳಿಸುವ ಆತುರದಲ್ಲಿ ಪರೀಕ್ಷೆ ಬೇಡವೆಂದೆ. ಮುಕ್ಕಾಲು ಭಾಗ ಮುಗಿದಾಗ ಕೆಲಸ ನಿಂತುಹೋಯಿತು. ಒಂದು ಕಡತವನ್ನು ಓದಲಾಗುತ್ತಿಲ್ಲ ಎಂಬ ಸಂದೇಶ ಬಂತು. ಮನೆಗೆ ಮರಳಿ ಇಳಿಸಿಕೊಂಡ ಕಡತದ ಚೆಕ್‌ಸಮ್ ತೆಗೆದು ನೋಡಿದರೆ ಪ್ರಕಟಿತ ಸಂಖ್ಯೆಗೂ ಅದಕ್ಕೂ ತಾಳೆಯೇ ಆಗುತ್ತಿರಲಿಲ್ಲ. ರಾತ್ರಿ ವಿದ್ಯುತ್ ಕೈಕೊಟ್ಟಾಗ ಕಡತ ಎಲ್ಲೋ ಮುರಿದಿತ್ತು.

ಚೆಕ್‌ಸಮ್ ಎಂದರೆ ಕಡತವೊಂದರ ಬೆರಳಚ್ಚು. ಹತ್ತು ಜಿಬಿಯ ಕಡತದಲ್ಲಿ ಒಂದು ಬಿಟ್ ಬದಲಾದರೂ 64 ಅಕ್ಷರ–ಅಂಕಿಗಳ ಆ ಬೆರಳಚ್ಚು ಪೂರ್ತಿ ಬದಲಾಗುತ್ತದೆ. ಆ ಬೆರಳಚ್ಚುಗಳ ಪಟ್ಟಿಗೆ ತಯಾರಕರ ಡಿಜಿಟಲ್ ಸಹಿಯೂ ಇರುತ್ತದೆ. ಎರಡನ್ನೂ ತಾಳೆ ನೋಡಿದರೆ ಕಡತ ಪೂರ್ತಿ ಬಂದಿದೆ ಎಂಬುದರ ಜೊತೆಗೆ ಅದು ಸರಿಯಾದ ಕೈಯಿಂದಲೇ ಬಂದಿದೆ ಎಂಬುದೂ ಖಚಿತವಾಗುತ್ತದೆ. ಇಡೀ ತಪಾಸಣೆಗೆ ಹಿಡಿಯುವುದು ಕೆಲವೇ ನಿಮಿಷ. ಧರ್ಮಕ್ಕೆ ಬಂದ ದಟ್ಟಿಗೆ ಮೊಳ ಹಾಕುವುದೆಂದರೆ ಇದೇ. ಇದು ಕೊಟ್ಟವರ ಮೇಲಿನ ಅನುಮಾನವಲ್ಲ. ಕೊಟ್ಟವರೇ ಮೊಳಕೋಲನ್ನೂ ಜೊತೆಗೆ ಇಟ್ಟಿರುತ್ತಾರೆ. ಅಳೆಯದಿರುವುದು ನಮ್ಮ ಸೋಮಾರಿತನ.

ಮುಂದಿನ ಭಾನುವಾರ ಎಲ್ಲವೂ ಸರಾಗವಾಗಿ ನಡೆಯಿತು. ಈ ಕೆಲಸಕ್ಕೆ ಕೈಹಾಕುವವರಿಗೆ ಮೂರು ಮಾತು ಹೇಳಬೇಕು. ಪೆನ್‌ಡ್ರೈವ್‌ಗೆ ಬರೆಯುವಾಗಲೂ, ಸ್ಥಾಪಿಸುವಾಗಲೂ ಯಾವ ಡಿಸ್ಕ್ ಎಂಬುದನ್ನು ಎರಡು ಬಾರಿ ನೋಡಿ. ತಪ್ಪು ಡಿಸ್ಕನ್ನು ತೋರಿಸಿದರೆ ಅಲ್ಲಿದ್ದದ್ದೆಲ್ಲ ಅಳಿಸಿಹೋಗುತ್ತದೆ. ಸಮಯವಲಯವನ್ನು ನ್ಯೂಯಾರ್ಕ್‌ನಿಂದ ಕೋಲ್ಕತ್ತಕ್ಕೆ ಬದಲಿಸಲು ಮರೆಯಬೇಡಿ. ಮರೆತರೆ ಬೆಳಿಗ್ಗೆ ಕಟ್ಟಿದ ಹಣಕ್ಕೆ ಹಿಂದಿನ ದಿನದ ರಸೀದಿ ಬಂದು ಬಡ್ಡಿಯ ಲೆಕ್ಕವೇ ಏರುಪೇರಾದೀತು. ಬೇಕಾದಷ್ಟೇ ತಂತ್ರಾಂಶಗಳನ್ನು ಆರಿಸಿ. ಸರ್ವರ್‌ನಲ್ಲಿ ಬಾಗಿಲು ಕಡಿಮೆಯಿದ್ದಷ್ಟೂ ಕಾವಲು ಸುಲಭ.

ನಿಜವಾದ ಪರೀಕ್ಷೆ ಎದುರಾದದ್ದು ಆಮೇಲೆ. ಲೆಕ್ಕಗಳೆಲ್ಲ ಹೊಸ ಯಂತ್ರಕ್ಕೆ ಬಂದವು, ಮೊತ್ತಗಳು ತಾಳೆಯಾದವು. ಆದರೆ ಸದಸ್ಯರ ಭಾವಚಿತ್ರ ಮತ್ತು ಮಾದರಿ ಸಹಿ ಮಾತ್ರ ಪರದೆಯ ಮೇಲೆ ಮೂಡಲೊಲ್ಲವು. ಸಹಿ ಕಾಣದೆ ಹಣ ಕೊಡುವಂತಿಲ್ಲ. ತಂತ್ರಾಂಶ ಬರೆದುಕೊಟ್ಟವರಿಗೆ ಫೋನ್ ಮಾಡಿದರೆ ಅತ್ತಲಿನ ಹುಡುಗ, ‘ಅದು ಎಸ್‌ಇಲಿನಕ್ಸ್ ತೊಂದರೆ ಸರ್, ಆಫ್ ಮಾಡಿಬಿಡಿ. ಎಲ್ಲರೂ ಹಾಗೇ ಮಾಡೋದು’ ಎಂದ. ಒಂದು ಆಜ್ಞೆ ಕೊಟ್ಟು ಅದನ್ನು ಸಡಿಲಿಸಿದೆ. ಚಿತ್ರಗಳೆಲ್ಲ ಕ್ಷಣಾರ್ಧದಲ್ಲಿ ಕಾಣಿಸಿಕೊಂಡವು. ರಾತ್ರಿ ಎಂಟಾಗಿತ್ತು. ಹಾಗೆಯೇ ಬಿಟ್ಟು ಮನೆಗೆ ಹೋಗಬಹುದಿತ್ತು, ಯಾರಿಗೂ ಗೊತ್ತಾಗುತ್ತಿರಲಿಲ್ಲ.

ಎಸ್‌ಇಲಿನಕ್ಸ್ ಎಂಬುದು ಅಮೆರಿಕದ ರಾಷ್ಟ್ರೀಯ ಭದ್ರತಾ ಸಂಸ್ಥೆ ರೂಪಿಸಿ 2000ದಲ್ಲಿ ಬಹಿರಂಗಗೊಳಿಸಿದ ಕಾವಲು ವ್ಯವಸ್ಥೆ. ಯಾವ ತಂತ್ರಾಂಶ ಯಾವ ಕಡತವನ್ನು ಮುಟ್ಟಬಹುದು ಎಂಬುದಕ್ಕೆ ಅದು ಪ್ರತಿಯೊಂದಕ್ಕೂ ಚೀಟಿ ಅಂಟಿಸುತ್ತದೆ. ಹೊರಗಿನವನು ಒಂದು ತಂತ್ರಾಂಶದೊಳಗೆ ನುಸುಳಿದರೂ ಅದರ ಕೋಣೆಯಾಚೆ ಕಾಲಿಡದಂತೆ ತಡೆಯುವುದು ಈ ಚೀಟಿಯೇ. ಎಂಟರ್‌ಪ್ರೈಸ್ ಲಿನಕ್ಸ್‌ನಲ್ಲಿ ಚಂದಾದಾರರು ಹಣ ತೆತ್ತು ಪಡೆಯುವ ಭದ್ರತೆಯ ದೊಡ್ಡ ಭಾಗ ಇದು. ನಮಗೆ ಅದು ಉಚಿತವಾಗಿ ಬಂದಿತ್ತು, ನಾವು ಅದನ್ನೇ ಕಿತ್ತೆಸೆಯಲು ಹೊರಟಿದ್ದೆವು. ಕಾವಲುಗಾರ ಪ್ರಶ್ನೆ ಕೇಳುತ್ತಾನೆಂದು ಅವನನ್ನೇ ಮನೆಗೆ ಕಳಿಸಿದಂತೆ. ಮತ್ತೆ ಕಾವಲನ್ನು ಬಿಗಿಮಾಡಿ, ದಾಖಲೆಯ ಕಡತವನ್ನು ತೆರೆದು ಕುಳಿತೆ. ಕಾರಣ ತೀರ ಸಣ್ಣದಾಗಿತ್ತು. ಚಿತ್ರಗಳನ್ನು ಮೊದಲು ನನ್ನ ಸ್ವಂತ ಕಡತಕೋಶಕ್ಕೆ ಇಳಿಸಿ ಅಲ್ಲಿಂದ ಸ್ಥಳಾಂತರಿಸಿದ್ದೆ. ಜಾಗ ಬದಲಾದರೂ ಹಳೆಯ ಚೀಟಿ ಹಾಗೆಯೇ ಉಳಿದಿತ್ತು. ‘ರಿಸ್ಟೋರ್‌ಕಾನ್’ ಎಂಬ ಒಂದೇ ಆಜ್ಞೆಯಿಂದ ಚೀಟಿಗಳು ಸರಿಯಾದವು, ಕಾವಲೂ ಉಳಿಯಿತು. ಹೂವು ಮಾರುವ ಹೆಣ್ಣುಮಗಳೊಬ್ಬಳ ಸಹಿಯ ಚಿತ್ರ ಪರದೆಯ ಮೇಲೆ ಮೂಡಿದಾಗ ರಾತ್ರಿ ಹತ್ತು ದಾಟಿತ್ತು.

ಅಧ್ಯಕ್ಷರ ಪ್ರಶ್ನೆಗೆ ಉತ್ತರದ ಮೊದಲ ಭಾಗ ನನಗೆ ಹೊಳೆದದ್ದು ಆ ರಾತ್ರಿ. ಉಚಿತ ತಂತ್ರಾಂಶದಲ್ಲಿ ಕೇಳಲು ಯಾರೂ ಇಲ್ಲವೆಂಬುದು ನಿಜ. ಆದ್ದರಿಂದ ಕೇಳಬೇಕಾದ ವ್ಯಕ್ತಿ ಸಂಘದೊಳಗೇ ಇರಬೇಕು. ಚಂದಾ ಕೊಡದೆ ಉಳಿಸಿದ ಹಣ ಲಾಭವಲ್ಲ, ಆ ವ್ಯಕ್ತಿಯನ್ನು ತಯಾರು ಮಾಡಲು ತೆಗೆದಿರಿಸಬೇಕಾದ ಬಂಡವಾಳ. ಉತ್ತರದ ಎರಡನೆಯ ಭಾಗ ದಕ್ಕಿದ್ದು ನಂತರದ ವರ್ಷಗಳ ಬೆಳವಣಿಗೆಗಳಿಂದ.

2023ರ ಜೂನ್‌ನಲ್ಲಿ ರೆಡ್ ಹ್ಯಾಟ್, ತನ್ನ ಎಂಟರ್‌ಪ್ರೈಸ್ ಲಿನಕ್ಸ್‌ನ ಆಕರ ಸಂಕೇತವನ್ನು ಇನ್ನು ಮುಂದೆ ಸೆಂಟ್ ಓಎಸ್ ಸ್ಟ್ರೀಮ್ ಮೂಲಕ ಮಾತ್ರ ಸಾರ್ವಜನಿಕವಾಗಿ ಕೊಡುವುದಾಗಿ ಹೇಳಿತು. ಸ್ವಂತದ್ದೇನನ್ನೂ ಸೇರಿಸದೆ ಮರುಜೋಡಿಸಿ ಹಂಚುವವರಿಂದ ದುಡಿದವರಿಗೆ ಅನ್ಯಾಯ ಎಂಬುದು ಅದರ ವಾದ. ಹಂಚಿಕೆಯ ತತ್ವದಿಂದಲೇ ಬೆಳೆದ ಕಂಪೆನಿ ಏಣಿಯನ್ನು ಒದೆಯುತ್ತಿದೆ ಎಂಬುದು ವಿರೋಧಿಗಳ ವಾದ. ಜಿಪಿಎಲ್ ಪರವಾನಗಿ ತಂತ್ರಾಂಶವನ್ನು ಪಡೆದವರಿಗೆ ಆಕರ ಸಂಕೇತ ಕೊಡಬೇಕೆನ್ನುತ್ತದೆ, ಜಗತ್ತಿಗೆಲ್ಲ ಹಂಚಲೇಬೇಕೆನ್ನುವುದಿಲ್ಲ. ಇಬ್ಬರ ಮಾತಿನಲ್ಲೂ ತೂಕವಿದೆ. ಅದೇ ರೆಡ್ ಹ್ಯಾಟ್‌ನ ಪೋಷಣೆಯಲ್ಲಿ ರೂಪುಗೊಂಡು ಎಲ್ಲರಿಗೂ ದೊರೆತ ಲೋಹಿತ್ ಅಕ್ಷರಗುಚ್ಛಗಳಲ್ಲಿ ನಮ್ಮ ಕನ್ನಡದ್ದೂ ಒಂದು ಎಂಬುದನ್ನು ಮರೆಯಲಾಗದು. ಈ ನಿರ್ಧಾರದ ನಂತರ ಆಲ್ಮಾ ತಂಡ ಪಡಿಯಚ್ಚಿನ ಗುರಿಯನ್ನು ಬಿಟ್ಟು, ಅದೇ ತಂತ್ರಾಂಶಗಳು ತನ್ನ ಮೇಲೂ ಓಡುವಂತೆ ಹೊಂದಾಣಿಕೆ ಕಾಯ್ದುಕೊಳ್ಳುವ ಸ್ವತಂತ್ರ ದಾರಿ ಹಿಡಿಯಿತು. ರಾಕಿ ತಂಡ ಯಥಾಪ್ರತಿಯ ಹಟವನ್ನು ಬಿಡಲಿಲ್ಲ. ಸರ್ನ್ ಮತ್ತು ಫರ್ಮಿಲ್ಯಾಬ್ ಭೌತವಿಜ್ಞಾನ ಪ್ರಯೋಗಾಲಯಗಳು 2022ರ ಡಿಸೆಂಬರ್‌ನಲ್ಲಿ ತಮ್ಮ ಪ್ರಯೋಗಗಳಿಗೆ ಆಲ್ಮಾವನ್ನು ಶಿಫಾರಸು ಮಾಡಿದ್ದವು.

2024ರ ಮಾರ್ಚ್‌ನಲ್ಲಿ ಇನ್ನೊಂದು ಎಚ್ಚರಿಕೆಯ ಗಂಟೆ ಬಾರಿಸಿತು. ಕಡತಗಳನ್ನು ಕುಗ್ಗಿಸಲು ಎಲ್ಲೆಡೆ ಬಳಕೆಯಾಗುವ ಎಕ್ಸ್‌ಝಡ್ ಎಂಬ ಸಣ್ಣ ತಂತ್ರಾಂಶವನ್ನು ಬಹುಮಟ್ಟಿಗೆ ಒಬ್ಬರೇ ವ್ಯಕ್ತಿ ಬಿಡುವಿನ ವೇಳೆಯಲ್ಲಿ ನೋಡಿಕೊಳ್ಳುತ್ತಿದ್ದರು. ದಣಿದಿದ್ದ ಅವರಿಗೆ ನೆರವಾಗುವ ಸೋಗಿನಲ್ಲಿ ಬಂದು ವರ್ಷಗಟ್ಟಲೆ ವಿಶ್ವಾಸ ಗಳಿಸಿದವರೊಬ್ಬರು ಅದರೊಳಗೆ ಕಳ್ಳಬಾಗಿಲನ್ನು ಇಟ್ಟಿದ್ದರು. ಲಾಗಿನ್ ಆಗಲು ಅರ್ಧ ಸೆಕೆಂಡಿನಷ್ಟು ಹೆಚ್ಚು ಸಮಯ ಹಿಡಿಯುತ್ತಿದೆಯಲ್ಲ ಎಂದು ಆಂಡ್ರೆಸ್ ಫ್ರಾಯಿಂಡ್ ಎಂಬ ಎಂಜಿನಿಯರ್ ಬೆನ್ನುಹತ್ತಿ ನೋಡದಿದ್ದರೆ ಅದು ಜಗತ್ತಿನ ಅಸಂಖ್ಯ ಯಂತ್ರಗಳಿಗೆ ಹರಡುತ್ತಿತ್ತು. ಎಂಟರ್‌ಪ್ರೈಸ್ ಲಿನಕ್ಸ್ ಹಳೆಯ, ಪರೀಕ್ಷಿತ ಆವೃತ್ತಿಯಲ್ಲೇ ಇದ್ದುದರಿಂದ ನಮಗೆ ಅಪಾಯ ತಟ್ಟಲಿಲ್ಲ. ಆದರೂ ಆ ಒಂಟಿ ಮನುಷ್ಯನ ದಣಿವಿನಲ್ಲಿ ಅವನ ದುಡಿಮೆಯನ್ನು ಬಿಟ್ಟಿಯಾಗಿ ಉಂಡ ನಮ್ಮೆಲ್ಲರ ಪಾಲೂ ಇತ್ತು ಎಂದು ನನಗನ್ನಿಸುತ್ತದೆ.

ಹಾಗಾದರೆ ಉಚಿತದ ಸಹವಾಸವೇ ಬೇಡವೇ? ಅಲ್ಲ. ನಾನು ಅಧ್ಯಕ್ಷರಿಗೆ ಕೊನೆಗೆ ಹೇಳಿದ್ದು ಇಷ್ಟೇ: ‘ದುಡ್ಡು ಕೊಟ್ಟು ತಂದ ಮುಚ್ಚಿದ ತಂತ್ರಾಂಶವನ್ನು ಕಂಪೆನಿ ನಿಲ್ಲಿಸಿದರೆ ಕುತ್ತಿಗೆ ಪಟ್ಟಿ ಹಿಡಿಯಲು ಅಲ್ಲೂ ಯಾರೂ ಸಿಗುವುದಿಲ್ಲ, ಬೇರೆ ದಾರಿಯೂ ಇರುವುದಿಲ್ಲ. ಇಲ್ಲಿ ಒಬ್ಬರು ಕೈಬಿಟ್ಟರೆ ಇನ್ನೊಬ್ಬರು ಎತ್ತಿಕೊಳ್ಳಬಹುದು. ಒಂದೇ ವರ್ಷದಲ್ಲಿ ಹಾಗೆ ಆದದ್ದನ್ನು ನಾವೇ ನೋಡಿದ್ದೇವೆ.’ ಸ್ವಾತಂತ್ರ್ಯವೆಂದರೆ ಬೆಲೆಯಿಲ್ಲದಿರುವುದಲ್ಲ, ಬಿಟ್ಟು ಹೊರಡಲು ಸಾಧ್ಯವಿರುವುದು. ಆದರೆ ಹೊರಡಲು ಗಂಟುಮೂಟೆ ಕಟ್ಟುವ ವಿದ್ಯೆ ನಮ್ಮಲ್ಲಿರಬೇಕು: ದಿನವೂ ಬ್ಯಾಕಪ್, ಅದು ನಿಜಕ್ಕೂ ಮರಳಿ ಬರುತ್ತದೆಯೇ ಎಂಬ ಪರೀಕ್ಷೆ, ಮಾಡಿದ ಪ್ರತಿ ಬದಲಾವಣೆಯ ಲಿಖಿತ ದಾಖಲೆ.

ಸೆಂಟ್ ಓಎಸ್ 7ರ ಅವಧಿ 2024ರ ಜೂನ್ 30ಕ್ಕೇ ಮುಗಿದಿದೆ. ಯಾವುದಾದರೂ ಶಾಲೆ, ಆಸ್ಪತ್ರೆ, ಸಂಘದ ಮೂಲೆಯಲ್ಲಿ ಅದಿನ್ನೂ ಓಡುತ್ತಿದ್ದರೆ ದಯವಿಟ್ಟು ಇಂದೇ ನೋಡಿ. ಆಲ್ಮಾ ಮತ್ತು ರಾಕಿಯ 8ನೇ ಆವೃತ್ತಿಗೆ 2029ರವರೆಗೆ, 9ನೆಯದಕ್ಕೆ 2032ರವರೆಗೆ ಭದ್ರತಾ ಪರಿಷ್ಕರಣೆಯ ಭರವಸೆಯಿದೆ. ಹಳೆಯ ಯಂತ್ರಗಳಿರುವವರು ಒಂದು ವಿಷಯ ಗಮನಿಸಬೇಕು. 2025ರಲ್ಲಿ ಬಂದ 10ನೇ ಆವೃತ್ತಿ ಸುಮಾರು 2013ಕ್ಕಿಂತ ಹಿಂದಿನ ಇಂಟೆಲ್ ಪ್ರೊಸೆಸರ್‌ಗಳ ಮೇಲೆ ಓಡುವುದಿಲ್ಲ. ಆಲ್ಮಾ ತಂಡ ಮಾತ್ರ ಹಳೆಯ ಯಂತ್ರಗಳಿಗಾಗಿ ಪ್ರತ್ಯೇಕ ಪ್ರತಿಯನ್ನು ಸಿದ್ಧಪಡಿಸಿದೆ. ದೇಣಿಗೆಯಾಗಿ ಬಂದ ಹಳೆಯ ಕಂಪ್ಯೂಟರ್‌ಗಳನ್ನೇ ನಂಬಿದ ಶಾಲೆಗಳಿಗೆ ಇದು ಸಣ್ಣ ಉಪಕಾರವಲ್ಲ.

ಬೇಸಿಗೆಯಲ್ಲಿ ನಮ್ಮ ಊರುಗಳ ರಸ್ತೆ ಬದಿಯಲ್ಲಿ ಅರವಟ್ಟಿಗೆ ಇಡುವ ಪದ್ಧತಿಯಿದೆ. ನೀರು, ಮಜ್ಜಿಗೆ ಯಾರಿಗಾದರೂ ಉಚಿತ. ಆದರೆ ಬೆಳಗಾಗುವ ಮುನ್ನ ಆ ಗುಡಾಣವನ್ನು ಯಾರೋ ತೊಳೆದು ತುಂಬಿರುತ್ತಾರೆ. ನಮ್ಮ ಸಂಘದ ವಾರ್ಷಿಕ ಮಹಾಸಭೆಯಲ್ಲಿ ಅಧ್ಯಕ್ಷರೇ ಒಂದು ಠರಾವು ಮಂಡಿಸಿದರು: ಉಳಿತಾಯವಾದ ಹಣದಲ್ಲಿ ಒಂದು ಪಾಲು ಸಿಬ್ಬಂದಿಯ ತರಬೇತಿಗೆ, ಒಂದು ಸಣ್ಣ ಪಾಲು ನಾವು ಬಳಸುವ ತಂತ್ರಾಂಶದ ಪ್ರತಿಷ್ಠಾನಕ್ಕೆ. ಚರ್ಚೆಯಿಲ್ಲದೆ ಅಂಗೀಕಾರವಾಯಿತು. ಕಳೆದ ಬಾರಿ ಸರ್ವರ್‌ನ ಪರಿಷ್ಕರಣೆಯನ್ನು ನಡೆಸಿದ್ದು ನಾನಲ್ಲ, ಲೆಕ್ಕಪತ್ರ ನೋಡಿಕೊಳ್ಳುವ ನಮ್ಮ ಯುವತಿ. ಕೆಲಸ ಶುರುಮಾಡುವ ಮುನ್ನ ಆಕೆ ನೋಟ್‌ಪುಸ್ತಕ ತೆರೆದು, ‘ಬ್ಯಾಕಪ್ ಮರಳಿ ತೆಗೆದು ನೋಡಿದ್ದೇನೆ ಸರ್, ಲೆಕ್ಕ ತಾಳೆಯಾಗಿದೆ’ ಎಂದಳು. ನಾನು ಸುಮ್ಮನೆ ಕುರ್ಚಿ ಎಳೆದುಕೊಂಡು ಪಕ್ಕದಲ್ಲಿ ಕುಳಿತೆ.